ದ್ಯಾವಕ್ಕನ ಓರೆ

ಸೀಗವಂಗಲದಿಂದ ಎರೆಗುಂಟೆಗೆ ಹೋಗುವ ಮಣ್ಣುದಾರಿಯಲ್ಲಿ ಅರ್ಧ ದೂರ ನಡೆದರೆ ಎಡಗಡೆ ಒಂದು ತಗ್ಗು ಕಾಣುತ್ತದೆ. ಸುತ್ತಲೂ ಬೆಣಚುಕಲ್ಲಿನ ಬಯಲು, ಬಂದರೆಗಿಡ, ಕಾರೆಮುಳ್ಳು. ಆ ತಗ್ಗಿನಲ್ಲಿ ಮಾತ್ರ ನಾಲ್ಕು ಹೊಂಗೆ ಮರಗಳು, ಹಸಿ ಮರಳು, ಮರಳಿನ ನಡುವೆ ಮಂಡಿಯಾಳದ ತಿಳಿನೀರು. ನೆಲದೊಳಗಿಂದ ತಾನಾಗಿ ಉಕ್ಕುವ ಇಂಥ ಒರತೆಗೆ ಈ ಸೀಮೆಯಲ್ಲಿ ತಲಪರಿಗೆ ಎನ್ನುತ್ತಾರೆ. ಈ ತಲಪರಿಗೆಗೂ ಅದರ ಸುತ್ತಲಿನ ಹತ್ತು ಗುಂಟೆ ಜಾಗಕ್ಕೂ ಸೇರಿ ಇರುವ ಹೆಸರು ದ್ಯಾವಕ್ಕನ ಓರೆ. ಹೆಸರು ಕೇಳಿ ಬಂದವರು ಇಲ್ಲಿ ಓರೆಯಾಗಿರುವುದು ಏನು ಎಂದು ಸುತ್ತಮುತ್ತ ಹುಡುಕುತ್ತಾರೆ. ಮರಗಳು ನೆಟ್ಟಗಿವೆ, ದಾರಿ ನೆಟ್ಟಗಿದೆ, ಊರ ಎಲ್ಲೆಗೆಂದು ಅಲ್ಲಲ್ಲಿ ನೆಟ್ಟ ಬಾಂದುಕಲ್ಲುಗಳೂ ಅಲುಗದೆ ನಿಂತಿವೆ. ಅವರು ಕೊನೆಗೆ ಮುಖ ತೊಳೆದುಕೊಂಡು, ನೀರು ತಂಪಾಗಿದೆ ಎಂದು ಹೊಗಳಿ ಹೊರಟುಹೋಗುತ್ತಾರೆ.

ಓರೆಯನ್ನು ನೋಡಬೇಕಾದರೆ ತಾಲ್ಲೂಕು ಕಚೇರಿಗೆ ಹೋಗಬೇಕು. ಅಲ್ಲಿನ ದಾಖಲೆ ಕೋಣೆಯಲ್ಲಿ ಹಳೆಯ ಮೋಜಣಿ ನಕ್ಷೆಗಳನ್ನು ಬಟ್ಟೆಗೆ ಅಂಟಿಸಿ ಸುರುಳಿ ಸುತ್ತಿ ಇಟ್ಟಿದ್ದಾರೆ. ಗುಮಾಸ್ತರ ಮನಸ್ಸು ಸರಿಯಿದ್ದ ದಿನ ಕೇಳಿದರೆ ಧೂಳು ಕೊಡವಿ ಬಿಚ್ಚಿ ತೋರಿಸುತ್ತಾರೆ. ಎರಡು ಊರುಗಳ ನಡುವಿನ ಎಲ್ಲೆಗೆರೆ ಮೂಡಲ ಗುಡ್ಡದ ನೆತ್ತಿಯಿಂದ ಹೊರಟು ಪಡುವಲ ಹಾಸುಬಂಡೆಯವರೆಗೆ ನೂಲು ಹಿಡಿದಂತೆ ಹೋಗುತ್ತದೆ. ನಡುವೆ ಒಂದೇ ಕಡೆ, ಈ ತಲಪರಿಗೆಯ ಹತ್ತಿರ, ಕುಡುಗೋಲಿನ ಹಾಗೆ ಸೀಗವಂಗಲದ ಕಡೆಗೆ ಬಾಗಿ, ನೀರನ್ನು ಎರೆಗುಂಟೆಯ ಪಾಲಿಗೆ ಬಿಟ್ಟು, ಸುತ್ತಿ ಬಂದು ಮತ್ತೆ ತನ್ನ ದಾರಿ ಹಿಡಿಯುತ್ತದೆ. ಅಳೆದವನಿಗೆ ಬಿಸಿಲು ತಲೆಗೇರಿರಬೇಕು ಎಂದು ಕಚೇರಿಯಲ್ಲಿ ಕೆಲವರು ನಗೆಯಾಡುವುದುಂಟು. ನಗಲಿ ಬಿಡಿ, ಅವರಿಗೇನು ಗೊತ್ತು. ಅಳೆದವನು ತನ್ನ ಕೆಲಸವನ್ನು ಸರಿಯಾಗಿಯೇ ಮಾಡಿದ್ದ. ಆ ಗೆರೆ ಬಾಗಿದ್ದಕ್ಕೆ ಕಾರಣ ಒಬ್ಬ ತಂದೆ, ಅದು ನೆಟ್ಟಗಾಗದೆ ಉಳಿದದ್ದಕ್ಕೆ ಕಾರಣ ಅವನ ಮಗಳು ಎಂದು ಎರಡೂ ಊರಿನ ಹಿರಿಯರು ಹೇಳುತ್ತಾರೆ.

ಹಿಂದೆ ಒಮ್ಮೆ, ಈ ಸೀಮೆಯ ಊರುಗಳಿಗೆ ನಕ್ಷೆಯೇ ಇರಲಿಲ್ಲ. ಯಾವ ಊರು ಎಲ್ಲಿ ಮುಗಿಯುತ್ತದೆ ಎಂಬುದು ಕುಳವಾಡಿಯ ನೆನಪಿನಲ್ಲಿರುತ್ತಿತ್ತು. ಕುಳವಾಡಿ ಎಂದರೆ ಊರ ಹೊರಗಿನ ಹಟ್ಟಿಯವನು. ಯಾವ ಹುತ್ತದಿಂದ ಯಾವ ಗುಂಡಿಗೆ, ಯಾವ ಗುಂಡಿಯಿಂದ ಯಾವ ಕಲ್ಲಿಗೆ ಎಲ್ಲೆ ಹರಿಯುತ್ತದೆ ಎಂಬುದನ್ನು ತಂದೆಯಿಂದ ಕಲಿತು ಮಕ್ಕಳಿಗೆ ಕಲಿಸುವುದು ಅವನ ಮನೆತನದ ಕೆಲಸ. ಊರಿನ ನೆಲವೆಲ್ಲ ಅವನ ಮಾತಿನ ಮೇಲೆ ನಿಂತಿತ್ತು, ಆದರೆ ಆ ಊರಿನ ಒಂದು ಹೊಸಿಲನ್ನೂ ಅವನು ದಾಟುವಂತಿರಲಿಲ್ಲ. ಇದರಲ್ಲಿ ಯಾರಿಗೂ ವಿಚಿತ್ರ ಕಾಣಲಿಲ್ಲ ಎನ್ನುವುದೇ ವಿಚಿತ್ರ. ಸೀಗವಂಗಲದ ಕುಳವಾಡಿಯ ಹೆಸರು ಮಾಳಿಗಯ್ಯ. ಮಿತಭಾಷಿ, ಐವತ್ತರ ಆಸುಪಾಸಿನವನು, ಹೆಂಡತಿ ತೀರಿಕೊಂಡು ಬಹಳ ವರ್ಷವಾಗಿತ್ತು. ಗಂಡುಮಕ್ಕಳಿಲ್ಲದ ಕಾರಣ ಅವನು ಎಲ್ಲೆಯ ಗುರುತುಗಳನ್ನೆಲ್ಲ ಮಗಳು ದ್ಯಾವಕ್ಕನಿಗೆ ಕಲಿಸಿದ್ದ. ಅವಳು ಚಿಕ್ಕಂದಿನಲ್ಲಿ ಅಪ್ಪನ ಹಿಂದೆ ಬುತ್ತಿ ಹೊತ್ತು ಮೂಡಲ ಗುಡ್ಡದಿಂದ ಹಾಸುಬಂಡೆಯವರೆಗೆ ಎಷ್ಟು ಸಲ ನಡೆದಿದ್ದಳೋ, ಕಣ್ಣು ಕಟ್ಟಿ ಬಿಟ್ಟರೂ ಎಲ್ಲೆ ತಪ್ಪುತ್ತಿರಲಿಲ್ಲ ಎನ್ನುತ್ತಾರೆ. ಮುಂದೆ ಅವಳನ್ನು ಎರೆಗುಂಟೆಯ ಹಟ್ಟಿಯ ಕದಿರಪ್ಪನಿಗೆ ಕೊಟ್ಟು ಮದುವೆ ಮಾಡಿದ. ಅವಳ ಚೊಚ್ಚಲ ಹೆರಿಗೆ ಅಪ್ಪನ ಮನೆಯಲ್ಲೇ ಆಯಿತು. ಐದು ತಿಂಗಳ ಹೆಣ್ಣುಕೂಸು ಈರಕ್ಕನನ್ನು ಎತ್ತಿಕೊಂಡು ಅವಳು ಗಂಡನ ಮನೆಗೆ ಹೋದ ವರ್ಷವೇ ಸರ್ಕಾರದ ಮೋಜಣಿಯವರು ಈ ಕಡೆ ಬಂದರು.

ಮೋಜಣಿದಾರ ಶ್ರೀಪತಿರಾಯ ಸಭ್ಯ ಮನುಷ್ಯ. ಡೇರೆ ಹೊಡೆದು, ಸರಪಳಿ ಎಳೆಸಿ, ದಿನಕ್ಕೊಂದು ಬಯಲು ಅಳೆದು ಕಾಗದಕ್ಕಿಳಿಸುತ್ತಿದ್ದ. ತಲಪರಿಗೆಯ ಹತ್ತಿರ ಬಂದಾಗ ಅವನ ಕೆಲಸ ನಿಂತಿತು. ನೀರು ತಮ್ಮದು ಎಂದು ಸೀಗವಂಗಲದವರು, ತಮ್ಮದು ಎಂದು ಎರೆಗುಂಟೆಯವರು. ಸರಪಳಿ ಉದ್ದ ಅಗಲ ಹೇಳುತ್ತದೆ, ಎಲ್ಲೆ ಎಲ್ಲಿದೆ ಎಂದು ಹೇಳುವುದಿಲ್ಲ. ಅಲ್ಲಿಯವರೆಗೆ ಆ ನೀರಿಗೆ ಎರಡೂ ಕಡೆಯವರು ಬರುತ್ತಿದ್ದರು, ತಕರಾರೇನೂ ಇರಲಿಲ್ಲ. ಗೆರೆ ಎಳೆಯುತ್ತಾರೆ, ಗೆರೆ ಶಾಶ್ವತವಾಗಿ ಉಳಿಯುತ್ತದೆ ಎಂದು ಗೊತ್ತಾದ ಮೇಲೆ ಎಲ್ಲರಿಗೂ ಆಸೆ ಹುಟ್ಟಿತು. ಸೀಗವಂಗಲದ ಪಟೇಲ ವೀರನಾಗಪ್ಪನಿಗೆ ಆ ನೀರನ್ನು ಕಾಲುವೆಯಲ್ಲಿ ತಂದು ಎಲೆತೋಟ ಎಬ್ಬಿಸುವ ಹಂಬಲ. ಕಲ್ಲು ನೆಟ್ಟ ಮಾರನೆಯ ದಿನವೇ ಸುತ್ತ ಕತ್ತಾಳೆ ಬೇಲಿ ಹಾಕಿಸುತ್ತೇನೆ, ಆಚೆ ಊರಿನವರ ಒಂದು ಬಿಂದಿಗೆಯೂ ಒಳಗೆ ಮುಳುಗಕೂಡದು ಎಂದು ಅವನು ಡೇರೆಯ ಮುಂದೆಯೇ ಹೇಳಿದ. ಎರೆಗುಂಟೆಯ ಊರೊಳಗಿನವರಿಗೆ ಅದರಿಂದ ಅಂಥ ನಷ್ಟವೇನಿರಲಿಲ್ಲ, ಅವರಿಗೆ ಸೇದುವ ಬಾವಿಯಿತ್ತು. ಆ ಬಾವಿಯ ಹಗ್ಗವನ್ನು ಹಟ್ಟಿಯವರು ಮುಟ್ಟುವಂತಿರಲಿಲ್ಲ. ಹಟ್ಟಿಯ ಮೂವತ್ತು ಒಲೆಗೂ, ದ್ಯಾವಕ್ಕನ ಕೂಸಿನ ಬಾಯಿಗೂ ಇದ್ದದ್ದು ಈ ತಲಪರಿಗೆಯೊಂದೇ. ಅದು ಬಿಟ್ಟರೆ ಎರಡು ಹರದಾರಿ ದೂರದ ಉಪ್ಪಿನಹಳ್ಳದ ಗುಂಡಿಗಳು, ಬೇಸಿಗೆಯಲ್ಲಿ ದನವೂ ಮೂಸಿ ಹಿಂದೆ ಸರಿಯುವ ನೀರು.

ಕೊನೆಗೆ ಶ್ರೀಪತಿರಾಯ ಹಳೆಯ ಪದ್ಧತಿಗೇ ಒಪ್ಪಿದ. ಕುಳವಾಡಿ ತಲೆ ಬೋಳಿಸಿಕೊಂಡು, ಮಿಂದು, ಊರ ಮಣ್ಣಿನ ಉಂಡೆ ಮಾಡಿ, ಅದರ ನಡುವೆ ಗುಳಿ ತೋಡಿ ನೀರು ತುಂಬಿ, ತಲೆಯ ಮೇಲಿಟ್ಟುಕೊಂಡು ಮಾತಾಡದೆ ಎಲ್ಲೆಯ ಮೇಲೆ ನಡೆಯಬೇಕು. ಸರಿಯಾಗಿ ನಡೆದರೆ ಉಂಡೆ ಇದ್ದ ಹಾಗೇ ಇರುತ್ತದೆ. ತಿಳಿದೋ ತಿಳಿಯದೆಯೋ ಹೆಜ್ಜೆ ತಪ್ಪಿದರೆ ಉಂಡೆ ಬಿರಿಯುತ್ತದೆ, ನಡೆದವನು ಹದಿನೈದು ದಿನದೊಳಗೆ ಸಾಯುತ್ತಾನೆ. ಆ ಹದಿನೈದು ದಿನ ಅವನು ಮನೆಯೊಳಗೇ ಇರಬೇಕು. ಬಂಧುಬಳಗದವರು ಅವನ ಬಾಗಿಲಿಗೆ ಹೋಗಕೂಡದು, ಹೊರಗಿನ ಒಂದು ಸುದ್ದಿಯೂ ಅವನ ಕಿವಿಗೆ ಬೀಳಕೂಡದು. ಎರೆಗುಂಟೆಯ ಕುಳವಾಡಿ ಮನೆತನ ಅಳಿದುಹೋಗಿತ್ತು. ಮಾಳಿಗಯ್ಯನ ತಾತ ಮುತ್ತಾತಂದಿರು ಎಂದೂ ಸುಳ್ಳು ನಡೆದವರಲ್ಲ, ಅವನೇ ನಡೆಯಲಿ ಎಂದು ಆ ಊರಿನವರೂ ಒಪ್ಪಿಕೊಂಡರು.

ಈಗ ಅವನ ಸಂಕಟವನ್ನು ನೋಡಿ. ನಿಜವಾದ ಎಲ್ಲೆ ನೆಟ್ಟಗೆ ಹೋಗುತ್ತಿತ್ತು, ನೀರು ಸೀಗವಂಗಲದ್ದೇ ಆಗಿತ್ತು. ಅದು ಲೋಕದಲ್ಲಿ ಖಚಿತವಾಗಿ ಗೊತ್ತಿದ್ದದ್ದು ಇಬ್ಬರಿಗೆ, ಒಬ್ಬ ಮಾಳಿಗಯ್ಯ, ಇನ್ನೊಬ್ಬಳು ದ್ಯಾವಕ್ಕ. ಪಟೇಲನಿಗೂ ಗೊತ್ತಿರಲಿಲ್ಲ, ಅವನದು ಬರೀ ಬಾಯಿಜೋರು. ಸತ್ಯವಾಗಿ ನಡೆದರೆ ಮಗಳ ಹಟ್ಟಿಗೆ ನೀರಿಲ್ಲ. ಸುಳ್ಳಾಗಿ ನಡೆದರೆ ಉಂಡೆ ಒಡೆದು, ಸುಳ್ಳು ಅಲ್ಲೇ ಬಯಲಾಗಿ, ನೀರೂ ಹೋಗಿ ತನ್ನ ಜೀವವೂ ಹೋಗುತ್ತದೆ. ಆದರೂ ಉಂಡೆ ಒಡೆಯುವುದು ಕೊನೆಗಲ್ಲನ್ನು ಮುಟ್ಟಿದ ಮೇಲೆಯೇ ಆಗಲಿ, ಅಷ್ಟರೊಳಗೆ ಹಿಂದೆ ಗೂಟ ಹೊಡೆದಿರುತ್ತಾರೆ, ಸರ್ಕಾರ ಒಮ್ಮೆ ಎಳೆದ ಗೆರೆ ಅಳಿಯುವುದಿಲ್ಲ, ಆಮೇಲೆ ತಾನು ಸತ್ತರೆ ಸತ್ತೆ ಎಂದು ಅವನು ಲೆಕ್ಕ ಹಾಕಿದ. ಯೋಚಿಸಿ ಮಾಡಿದ್ದಲ್ಲ, ಕರುಳು ಹೇಳಿದ ಹಾಗೆ ಮಾಡಿದ್ದು ಎನ್ನುವವರೂ ಇದ್ದಾರೆ. ಅವತ್ತು ಬೆಳಿಗ್ಗೆ ಕೆರೆಯಂಗಳದ ಮಣ್ಣಿನ ಉಂಡೆಯನ್ನು ಅವನು ಮೂರು ಸಲ ಕೆಡಿಸಿ ಮತ್ತೆ ಕಲಸಿದ ಎಂದು ಮಾತ್ರ ಎಲ್ಲರೂ ಒಂದೇ ಸಮ ಹೇಳುತ್ತಾರೆ. ಪಟೇಲ ಅದನ್ನು ನೋಡಿ, “ಯಾಕೋ ಮಾಳಿಗ, ನಿನ್ ಊರ ನೀರು ಇದು, ಮರೀಬ್ಯಾಡ” ಎಂದ.

“ನಮ್ಮಪ್ಪ ತೋರ್ಸಿದ್ದು ಮರೆಯಾಕಿಲ್ಲ ಬುದ್ಧಿ” ಎಂದ ಮಾಳಿಗಯ್ಯ. ಅದು ಆ ದಿನ ಅವನಾಡಿದ ಒಂದೇ ಮಾತು.

ವೈಶಾಖದ ಬಿಸಿಲು. ಎರಡೂ ಊರು ಅಲ್ಲೇ ನೆರೆದಿತ್ತು. ಮೂಡಲ ಗುಡ್ಡದಿಂದ ಇಳಿದು ಬಂದ ಮಾಳಿಗಯ್ಯನ ಹಿಂದೆ ಹತ್ತು ಮಾರು ಬಿಟ್ಟು ಮೋಜಣಿಯವರು ಗೂಟ ಹೊಡೆಯುತ್ತಾ ಬಂದರು. ತಲಪರಿಗೆಗೆ ಒಂದು ಕೂಗಳತೆ ಇದ್ದಾಗ ಅವನು ಜನರ ನಡುವೆ ಮಗಳನ್ನು ಕಂಡ. ಸೊಂಟದ ಮೇಲೆ ಕೂಸು, ತಲೆಯ ಮೇಲೆ ಸೆರಗು. ಅಲ್ಲಿ ಎಲ್ಲೆ ಒಂದು ಒಣಗಿದ ಹುತ್ತದ ಬಲಕ್ಕೆ ಹೋಗಬೇಕು. ಮಾಳಿಗಯ್ಯ ಅದರ ಎಡಕ್ಕೆ ಹೆಜ್ಜೆಯಿಟ್ಟ. ಜನರಿಗೆ ಏನೂ ತಿಳಿಯಲಿಲ್ಲ. ದ್ಯಾವಕ್ಕನಿಗೆ ತಿಳಿಯಿತು. ಅವಳು ಸೆರಗಿನ ತುದಿಯನ್ನು ಬಾಯಿಗೆ ತುರುಕಿಕೊಂಡದ್ದನ್ನು ಅಪ್ಪ ನೋಡಿದ, ಅಪ್ಪ ನೋಡಿದ್ದನ್ನು ಅವಳೂ ನೋಡಿದಳು. ಅವನು ನೀರಿನ ಆಚೆಯಿಂದ ಸುತ್ತು ಹಾಕಿ, ಸೀಗವಂಗಲದ ನೆಲದ ಮೇಲೆ ನಡೆದು, ಹೊಂಗೆ ಮರದ ಹಿಂದೆ ಮತ್ತೆ ಎಲ್ಲೆ ಸೇರಿ ಹಾಸುಬಂಡೆ ಮುಟ್ಟಿದ. ಪ್ರತಿ ಹೆಜ್ಜೆಗೂ ನೆತ್ತಿಯ ಮೇಲೆ ಮಣ್ಣು ಬಿರಿಯುವ ಸದ್ದಿಗಾಗಿ ಕಾಯುತ್ತಿದ್ದ. ಬಂಡೆಯ ಮೇಲೆ ಉಂಡೆಯನ್ನು ಇಳಿಸಿದಾಗ ಅದರಲ್ಲಿ ಕೂದಲೆಳೆಯಷ್ಟೂ ಬಿರುಕಿರಲಿಲ್ಲ. ಗಂಗಮ್ಮ ಕ್ಷಮಿಸಿದಳು ಎಂದು ಇಂದಿಗೂ ಹೇಳುವವರಿದ್ದಾರೆ. ಕೆರೆಯಂಗಳದ ಜೇಡಿಮಣ್ಣನ್ನು ಚೆನ್ನಾಗಿ ಕಲಸಿದರೆ ಅದು ಯಾರ ತಲೆಯ ಮೇಲೂ ಒಡೆಯುವುದಿಲ್ಲ ಎಂದು ಕುಂಬಾರರು ಹೇಳುತ್ತಾರೆ. ಮಣ್ಣಿಗೆ ಗೊತ್ತಿದ್ದದ್ದು ಅಷ್ಟೇ. ಮಾಳಿಗಯ್ಯನಿಗೂ ಅವನ ಮಗಳಿಗೂ ಅದು ಗೊತ್ತಿರಲಿಲ್ಲ.

ತನ್ನೂರಿಗೇ ನಷ್ಟವಾಗುವ ಹಾಗೆ ನಡೆದವನು ಸುಳ್ಳು ನಡೆದಾನೆಯೇ ಎಂದು ಜನ ಬೆರಗಾದರು. ಪಟೇಲ ಹಲ್ಲು ಕಡಿದು ಊರ ದಾರಿ ಹಿಡಿದ, ಉಂಡೆ ಇದ್ದ ಹಾಗೇ ಇದ್ದ ಮೇಲೆ ಅವನೇನು ಮಾಡಿಯಾನು. ಶ್ರೀಪತಿರಾಯ ಗೂಟದಿಂದ ಗೂಟಕ್ಕೆ ಸರಪಳಿ ಹಿಡಿಸಿ, ಗೂಟದ ಜಾಗದಲ್ಲಿ ಅಂದೇ ಕಲ್ಲು ನೆಡಿಸಿ, ಬಾಗಿದ ಗೆರೆಯನ್ನು ಬಾಗಿದ ಹಾಗೇ ಕಾಗದದ ಮೇಲೆ ಎಳೆದ. ಮಾಳಿಗಯ್ಯ ಮನೆಗೆ ಹೋಗಿ ಬಾಗಿಲು ಹಾಕಿಕೊಂಡ. ಉಂಡೆ ಒಡೆಯಲಿಲ್ಲ, ಸರಿ. ಸಾವು ಎಲ್ಲಿಗೆ ಹೋಗುತ್ತದೆ, ಹದಿನೈದು ದಿನವಿದೆಯಲ್ಲ ಎಂದುಕೊಂಡ. ಅವನಿಗೆ ಭಯವಿರಲಿಲ್ಲ. ಮಗಳು ಈ ಹೊತ್ತಿಗೆ ತಲಪರಿಗೆಗೆ ಬಂದಿರುತ್ತಾಳೆ, ಈಗ ಬಿಂದಿಗೆ ಬೆಳಗುತ್ತಿರುತ್ತಾಳೆ, ಈಗ ಕೂಸಿಗೆ ಎರೆಯುತ್ತಿರುತ್ತಾಳೆ ಎಂದು ನೆನೆಯುತ್ತ ದಿನ ಕಳೆದ. ಅಷ್ಟು ಸುಖವಾದ ದಿನಗಳು ತನ್ನ ಬಾಳಿನಲ್ಲೇ ಬಂದಿರಲಿಲ್ಲ ಎಂದು ಬಹುಕಾಲದ ಮೇಲೆ ಮೊಮ್ಮಗಳ ಹತ್ತಿರ ಅವನೇ ಹೇಳಿಕೊಂಡು ಅತ್ತಿದ್ದನಂತೆ.

ಹದಿನೈದು ದಿನ ಮುಗಿಯಿತು. ಸಾವು ಬರಲಿಲ್ಲ. ಹದಿನಾರನೆಯ ಬೆಳಿಗ್ಗೆ ಅವನು ಬಾಗಿಲು ತೆಗೆದು, ಮೊಮ್ಮಗಳಿಗೆಂದು ಒಂದು ಅಚ್ಚು ಬೆಲ್ಲ ಕಟ್ಟಿಕೊಂಡು, ಮದುವೆಗೆ ಹೊರಟವನ ಹಾಗೆ ಬೀಸುಗಾಲು ಹಾಕಿ ಎರೆಗುಂಟೆಯ ಹಟ್ಟಿಗೆ ಹೋದ. ದಾರಿಯಲ್ಲಿ ಸಿಕ್ಕವರು ಅವನ ಮುಖ ನೋಡಿ ಪಕ್ಕಕ್ಕೆ ಸರಿದರು. ಸೂತಕವೆಂದು ಸರಿಯುತ್ತಾರೆ ಎಂದು ಅವನಿಗೆ ಹೇಗೆ ಗೊತ್ತಾಗಬೇಕು. ಕದಿರಪ್ಪ ಗುಡಿಸಲಿನ ಮುಂದೆ ಕುಕ್ಕರಗಾಲಿನಲ್ಲಿ ಕುಳಿತಿದ್ದ. ಅವನ ತಾಯಿಯ ತೊಡೆಯ ಮೇಲೆ ಕೂಸು ಮಲಗಿತ್ತು.

“ಮಾವ, ಮೂರ್ ದಿವ್ಸ ಆಯ್ತು ಮಣ್ ಮಾಡಿ” ಎಂದ ಕದಿರಪ್ಪ. “ನಿಮ್ ಬಾಗ್ಲಿಗೆ ಯಾರೂ ಬರೋ ಹಂಗಿರ್ಲಿಲ್ಲ. ಹೆಂಗ್ ಹೇಳ್ ಕಳ್ಸಾನ.”

ಮಾಳಿಗಯ್ಯ ಬೆಲ್ಲದ ಗಂಟನ್ನು ಕೆಳಗಿಟ್ಟು ನೆಲದ ಮೇಲೆ ಕುಳಿತ. ಕದಿರಪ್ಪ ಹೇಳುತ್ತಾ ಹೋದ. ಕಲ್ಲು ನೆಟ್ಟ ದಿನದಿಂದ ದ್ಯಾವಕ್ಕ ತಲಪರಿಗೆಯ ನೀರನ್ನು ತುಟಿಗೆ ಸೋಕಿಸಲಿಲ್ಲ. ಹಟ್ಟಿಯವರೆಲ್ಲ ಹಿಗ್ಗಿ ಹಿಗ್ಗಿ ಕುಡಿದರು, ಕೂಸಿಗೂ ಅತ್ತೆಗೂ ಅವಳೇ ತಂದು ಕೊಟ್ಟಳು. ತಾನು ಮಾತ್ರ ಮಡಕೆ ಎತ್ತಿಕೊಂಡು ದಿನಾ ಉಪ್ಪಿನಹಳ್ಳಕ್ಕೆ ಹೋಗಿ ಬರುತ್ತಿದ್ದಳು. ಎರಡು ಹರದಾರಿ ಹೋಗಿ, ಎರಡು ಹರದಾರಿ ಬಂದು, ಆ ಪಾಚಿ ನೀರನ್ನು ಸೋಸಿ ಕುಡಿಯುತ್ತಿದ್ದಳು. ಅತ್ತೆ ಬೈದಳು, ಗಂಡ ಗದರಿಸಿದ, ಅವಳು ಕೇಳಲಿಲ್ಲ. ಹನ್ನೊಂದನೆಯ ದಿನ ವಾಂತಿಭೇದಿ ಹತ್ತಿತು. ಮಾರನೆಯ ದಿನ ಮಧ್ಯಾಹ್ನಕ್ಕೆ ಕಣ್ಣು ಒಳಗೆ ಹೋದವು, ನಾಲಿಗೆ ಒಣಗಿ ಅಂಟಿಕೊಂಡಿತು. ಕದಿರಪ್ಪ ತಲಪರಿಗೆಗೆ ಓಡಿಹೋಗಿ ತಂಬಿಗೆಯಲ್ಲಿ ನೀರು ತಂದು ಬಾಯಿಗೆ ಹಿಡಿದರೆ ಹಲ್ಲು ಕಚ್ಚಿ ಮುಖ ತಿರುಗಿಸಿದಳಂತೆ.

“ಹರಕೆ ಐತೆ ಅಂತಿದ್ಲು ಮಾವ. ಇನ್ ಮೂರ್ ದಿವ್ಸ ತಡೀರಿ, ಆಮ್ಯಾಲೆ ಬಿಂದಿಗೆಗಟ್ಲೆ ಕುಡೀತೀನಿ ಅಂತಿದ್ಲು. ಬೆರ್ಳು ಮಡಿಸಿ ಮಡಿಸಿ ಎಣಿಸ್ತಿದ್ಲು. ಎಂಥಾ ಹರಕೆ, ಯಾತಕ್ಕೆ, ಬಾಯ್ ಬಿಡ್ಲಿಲ್ಲ.” ಕದಿರಪ್ಪ ಮಾವನ ಮುಖ ನೋಡಿದ. “ನಿಮ್ಗೇನಾದ್ರೂ ಗೊತ್ತಾ?”

ಮಾಳಿಗಯ್ಯನಿಗೆ ಗೊತ್ತಿತ್ತು. ಆ ಕ್ಷಣಕ್ಕೆ ಎಲ್ಲವೂ ಹಗಲಿನಷ್ಟು ಸ್ಪಷ್ಟವಾಗಿ ಗೊತ್ತಾಯಿತು. ತಾನು ಯಾರ ಬಾಯಿಗಾಗಿ ಸುಳ್ಳು ನಡೆದನೋ ಆ ಬಾಯಿ ನೀರು ಕುಡಿಯದಿದ್ದರೆ ಸುಳ್ಳಿಗೆ ಫಲವಿಲ್ಲ, ಫಲವಿಲ್ಲದ ಸುಳ್ಳಿಗೆ ಶಿಕ್ಷೆಯಿಲ್ಲ, ಅಪ್ಪ ಉಳಿಯುತ್ತಾನೆ ಎಂದು ಮಗಳು ನಂಬಿದ್ದಳು. ಎಲ್ಲೆಯ ಜೊತೆಗೆ ಅದರ ಶಾಪವನ್ನೂ ಅವಳಿಗೆ ಕಲಿಸಿದವನು ಅವನೇ ಅಲ್ಲವೇ. ಅಯ್ಯೋ, ಒಂದು ಮಾತು ಆಡಿಕೊಳ್ಳುವುದಕ್ಕಾದರೂ ಆಗಿದ್ದರೆ! ಒಂದೇ ಸಲ ಬಾಗಿಲ ಸಂದಿಯಿಂದ ಕೂಗಿ ಹೇಳಲು ಬಿಟ್ಟಿದ್ದರೆ! ಈಗ ಅವನು ಎದೆ ಬಡಿದುಕೊಂಡು ನಿಜ ಹೇಳಿಬಿಡಬಹುದಿತ್ತು. ಹೇಳಿದರೆ ಪಟೇಲ ಸರ್ಕಾರದ ಗೆರೆಯನ್ನೂ ಲೆಕ್ಕಿಸದೆ ಮಾರನೆಯ ದಿನವೇ ಕಲ್ಲು ಕೀಳಿಸಿ ಬೇಲಿ ಹಾಕಿಸುತ್ತಾನೆ. ಕದಿರಪ್ಪನ ತಾಯಿಯ ತೊಡೆಯ ಮೇಲೆ ಮಲಗಿದ ಕೂಸಿನ ತುಟಿಯಲ್ಲಿ ಇನ್ನೂ ಆ ನೀರಿನ ಹಸಿ ಇತ್ತು.

“ಗೊತ್ತಿಲ್ಲ ಕಣಪ್ಪ” ಎಂದ ಮಾಳಿಗಯ್ಯ. ಮೊದಲನೆಯ ಸುಳ್ಳನ್ನು ಅವನು ಕಾಲಿನಿಂದ ಹೇಳಿದ್ದ, ಇದನ್ನು ಬಾಯಿಂದ ಹೇಳಬೇಕಾಯಿತು. ಹೆಣ್ಣುಮಗಳು ಯಾರಿಗಾಗಿ ಸತ್ತಳು ಎಂದು ಅವಳ ಗಂಡನಿಗೂ ಹೇಳದೆ, ಅವಳನ್ನು ಮಣ್ಣು ಮಾಡಿದ ಗುದ್ದಿನ ಮುಂದೆ ಗಟ್ಟಿಯಾಗಿ ಅತ್ತು ಹಗುರಾಗುವುದಕ್ಕೂ ಆಗದೆ ಅವನು ಎದ್ದು ಬಂದ.

ಆಮೇಲೆ ಅವನು ಬಹಳ ಕಾಲ ಬದುಕಿದ. ಬದುಕಿದ್ದೇ ಅವನಿಗೆ ದೊಡ್ಡ ಶಿಕ್ಷೆಯಾಯಿತು. ಉಂಡೆ ಒಡೆಯಲಿಲ್ಲ, ಹದಿನೈದು ದಿನ ಕಳೆದರೂ ಸಾಯಲಿಲ್ಲ ಎಂದು ಸುತ್ತ ಹತ್ತು ಹಳ್ಳಿಯವರು ಅವನನ್ನು ಸತ್ಯದ ಮಾಳಿಗಯ್ಯ ಎಂದು ಕರೆದರು. ಎಲ್ಲೆಲ್ಲಿಯದೋ ತಕರಾರುಗಳಿಗೆ ನಡೆದುಕೊಡು ಎಂದು ಕರೆಯಲು ಬಂದರು. ಅವನು ಯಾರಿಗೂ ಒಪ್ಪಲಿಲ್ಲ, ಮಣ್ಣನ್ನು ಮತ್ತೆ ತಲೆಗೇರಿಸಲಿಲ್ಲ. ಸತ್ಯದ ಮಾಳಿಗಯ್ಯ ಎಂದು ಯಾರಾದರೂ ಕೂಗಿದರೆ ತಲೆ ತಗ್ಗಿಸಿ ಬೇರೆ ದಾರಿ ಹಿಡಿಯುತ್ತಿದ್ದ. ವಿನಯ ನೋಡಿ ಎಂದು ಅದಕ್ಕೂ ಜನ ಹೊಗಳಿದರು. ತಿಂಗಳಿಗೊಮ್ಮೆ ಮೊಮ್ಮಗಳನ್ನು ನೋಡಲು ಎರೆಗುಂಟೆಗೆ ಹೋಗುತ್ತಿದ್ದ. ಹೋಗುವಾಗ ಸೋರೆಬುರುಡೆಯಲ್ಲಿ ತನ್ನ ಊರಿನ ನೀರನ್ನೇ ಒಯ್ಯುತ್ತಿದ್ದ. ತಲಪರಿಗೆಯ ಪಕ್ಕದಲ್ಲೇ ಹಾದುಹೋದರೂ ಅದರ ಕಡೆ ತಿರುಗಿ ನೋಡುತ್ತಿರಲಿಲ್ಲ.

ಈರಕ್ಕ ಬೆಳೆದಳು, ಮದುವೆಯಾದಳು, ಚೊಚ್ಚಲ ಹೆರಿಗೆಗೆ ಎರೆಗುಂಟೆಯ ತವರಿಗೆ ಬಂದಳು. ಈ ಸೀಮೆಯಲ್ಲಿ ಬಾಣಂತಿ ಮೊದಲ ಸಲ ಮನೆಯಿಂದ ಹೊರಗೆ ಬರುವುದು ಗಂಗೆಪೂಜೆಗೆ. ನೀರಿಗೆ ಅರಿಶಿನ ಕುಂಕುಮ ಹಾಕಿ, ಕೈಮುಗಿದು, ಒಂದು ಬಿಂದಿಗೆ ತುಂಬಿಸಿಕೊಂಡು ಹೋಗುವ ಶಾಸ್ತ್ರ. ಆ ದಿನ ಬೆಳಗಿನ ಬಿಸಿಲಿನಲ್ಲಿ ಹಟ್ಟಿಯ ಹೆಂಗಸರ ಜೊತೆ ಈರಕ್ಕ ತಲಪರಿಗೆಗೆ ಬಂದಾಗ ಎಪ್ಪತ್ತರ ಮುದುಕ ಮಾಳಿಗಯ್ಯ ಆಗಲೇ ಬಂದು ಮರಳಿನ ಮೇಲೆ ಕುಳಿತಿದ್ದ. ಹೆಂಗಸರ ಶಾಸ್ತ್ರಕ್ಕೆ ಗಂಡಸು ಯಾಕೆ ಎಂದು ಅವರು ನಕ್ಕರು. ಅವನು ಮೊಮ್ಮಗಳನ್ನು ಪಕ್ಕಕ್ಕೆ ಕರೆದು ಕೂರಿಸಿಕೊಂಡು, ಇಪ್ಪತ್ತು ವರ್ಷ ಯಾರಿಗೂ ಹೇಳದ್ದನ್ನು ಹುತ್ತದ ಎಡಗಡೆಯ ಹೆಜ್ಜೆಯಿಂದ ಹಿಡಿದು ಮಡಿಸಿದ ಬೆರಳುಗಳವರೆಗೆ ಹೇಳಿದ. ಈರಕ್ಕ ಕೇಳುತ್ತಾ ಕೇಳುತ್ತಾ ನೀರಿನಿಂದ ಹಿಂದೆ ಸರಿದಳು. “ನಮ್ಮವ್ವ ಕುಡೀದ ನೀರ್ನ ನಾನ್ ಹೆಂಗ್ ಕುಡೀಲಿ ತಾತ” ಎಂದಳು. ಮಾಳಿಗಯ್ಯ ಎದ್ದು, ನೀರಿಗಿಳಿದು, ಬೊಗಸೆ ತುಂಬಾ ನೀರು ಮೊಗೆದು ತಂದು ಅವಳ ಬಾಯಿಗೆ ಹಿಡಿದ. ಅವಳು ತಾಯಿಯದೇ ಮುಖ ಹೊತ್ತಿದ್ದಳು. ಮುದುಕನ ಕಣ್ಣಿಗೆ ಮೊಮ್ಮಗಳು ಕಾಣಲಿಲ್ಲ, ಮಗಳೇ ಕಂಡಳು ಎನ್ನುತ್ತಾರೆ.

“ಕುಡಿಯವ್ವ” ಎಂದ. “ನಾನು ಬದುಕಿವ್ನಿ.”

ಅವಳು ಕುಡಿದಳು. ಅವನು ಮತ್ತೆ ಮೊಗೆದ, ಮತ್ತೆ ಕುಡಿದಳು. ಸುತ್ತ ನಿಂತ ಹೆಂಗಸರಿಗೆ ಏನೂ ತಿಳಿಯದಿದ್ದರೂ ಯಾರ ಕಣ್ಣೂ ಒಣಗಿರಲಿಲ್ಲ. ಆ ಮಳೆಗಾಲ ಕಳೆಯುವುದರೊಳಗೆ ಮಾಳಿಗಯ್ಯ ತೀರಿಕೊಂಡ. ಈರಕ್ಕ ತನ್ನ ತಾಯಿಯ ಕಥೆಯನ್ನು ಬಹುಕಾಲ ಎದೆಯಲ್ಲಿಟ್ಟುಕೊಂಡಿದ್ದು, ಪಟೇಲನೂ ಅವನ ಮಗನೂ ಹೋದ ಮೇಲೆ, ತಾನು ಮುದುಕಿಯಾದ ಮೇಲೆ, ಎರಡೂ ಊರಿನವರ ಮುಂದೆ ಹೇಳಿದಳು. ಪಟೇಲನ ಮೊಮ್ಮಕ್ಕಳು ತಾಲ್ಲೂಕು ಕಚೇರಿಗೆ ಹೋಗಿ ನಕ್ಷೆ ಬಿಚ್ಚಿಸಿ ನೋಡಿದರು. ಅರ್ಜಿ ಹಾಕಿ ಗೆರೆ ನೆಟ್ಟಗೆ ಮಾಡಿಸಬಹುದು ಎಂದು ಅಲ್ಲಿನವರು ಹೇಳಿದರಂತೆ. ಅವರು ನಕ್ಷೆಯನ್ನು ಸುತ್ತಿಸಿ ಇಡಿಸಿ ಬಂದರು. ಅಲ್ಲಿಂದೀಚೆಗೆ ಜಾಗಕ್ಕೆ ದ್ಯಾವಕ್ಕನ ಓರೆ ಎಂಬ ಹೆಸರು ನಿಂತಿತು.

ಈಗ ಎರಡೂ ಊರಿಗೆ ನಲ್ಲಿ ಬಂದಿದೆ, ನೀರಿಗಾಗಿ ಇಲ್ಲಿಗೆ ಬರಬೇಕಾದವರು ಯಾರೂ ಇಲ್ಲ. ಆದರೂ ಹೊಂಗೆ ಮರಗಳ ಕೆಳಗೆ ಒಂದು ಬೆಳಿಗ್ಗೆ ಸುಮ್ಮನೆ ಕುಳಿತರೆ, ಸೀಗವಂಗಲದಿಂದಲೋ ಎರೆಗುಂಟೆಯಿಂದಲೋ ತಲೆಗೆ ಬಟ್ಟೆ ಕಟ್ಟಿದ ಬಾಣಂತಿಯೊಬ್ಬಳು ಬರುವುದು ಕಾಣುತ್ತದೆ. ಊರೊಳಗಿನವಳು, ಹಟ್ಟಿಯವಳು ಎಂಬ ಭೇದ ಇಲ್ಲಿಲ್ಲ. ಬೇರೆಲ್ಲೂ ಗಂಗೆಪೂಜೆಗೆ ಗಂಡಸರು ಹೋಗುವುದಿಲ್ಲ, ಇಲ್ಲಿ ಅವಳ ತಂದೆ ಜೊತೆಗೆ ಬರುತ್ತಾನೆ. ಅವನು ಮಂಡಿಯವರೆಗೆ ಇಳಿದು, ಬೊಗಸೆಯಲ್ಲಿ ನೀರು ಮೊಗೆದು, ಮಗಳ ಬಾಯಿಗೆ ಹಿಡಿದು ಆ ಎರಡು ಮಾತನ್ನೇ ಹೇಳುತ್ತಾನೆ. ತಂದೆಯಿಲ್ಲದವಳಿಗೆ ಸೋದರಮಾವ ನೀರು ಮೊಗೆದು ಕೊಡುತ್ತಾನೆ. ಆ ಮಾತನ್ನು ಅವನು ಆಡುವಂತಿಲ್ಲ. ಅವಳು ಒಂದು ಗಳಿಗೆ ಕಾದು ನಿಂತು, ಆಮೇಲೆ ತಾನಾಗಿಯೇ ಕುಡಿಯುತ್ತಾಳೆ.